ಮೈದಾನದಲ್ಲಿ ಸುಟ್ಟ ವಿಮಾನ

ಶನಿವಾರ, 21 ಫೆಬ್ರವರಿ 1914

ಊರಿಗೆ ಊರೇ ಸೇರಿ ವಿಮಾನ ಸುಟ್ಟಿತು, ನನ್ನ ಮೊಮ್ಮಗಳು ಟಿಲ್ಲಿಯ ತೋಳು ಮುರಿಯಿತು.

ಮೆಲ್ಬರ್ನ್‌ನಿಂದ ರೈಲಿನಲ್ಲಿ ತಂದ ವಿಮಾನ. ಅದು ಕುದುರೆ ಪಂದ್ಯದ ಮೈದಾನದಲ್ಲಿ ಹಾರುವುದನ್ನು ನೋಡಲು ಊರವರೆಲ್ಲ ದುಡ್ಡು ಕೊಟ್ಟು ಟಿಕೆಟ್ ಕೊಂಡಿದ್ದರು. ಟಿಲ್ಲಿಗೆ ತಿಂಗಳಿಂದ ಅದೇ ಜಪ. ಗಾಳಿ ಜೋರಾಗಿದೆ, ಇವತ್ತು ಹಾರಿಸುವುದಿಲ್ಲ ಎಂದು ಪೈಲಟ್ ಹ್ಯಾಲೊರನ್ ಹೇಳಿದ್ದೇ ತಡ, ಮಾಂಸದಂಗಡಿಯ ಪಿಂಕ್ನಿ "ವೆಲ್ಷರ್!" ಎಂದು ಕೂಗಿದ. ಕುದುರೆ ಪಂದ್ಯದಲ್ಲಿ ಬಾಜಿ ಹಣ ಎತ್ತಿಕೊಂಡು ಪರಾರಿಯಾಗುವವನಿಗೆ ನಮ್ಮಲ್ಲಿರುವ ಹೆಸರು ಅದು. ಅದು ಕಿವಿಗೆ ಬಿದ್ದರೆ ನಮ್ಮ ಜನ ಯೋಚಿಸುವುದಿಲ್ಲ, ಹೊಡೆಯುತ್ತಾರೆ. ತೊಂಬತ್ತೊಂದರಲ್ಲಿ ಇದೇ ಮೈದಾನದಲ್ಲಿ, ಇದೇ ಕೂಗಿಗೆ ಒಬ್ಬನನ್ನು ತುಳಿದು ಕೊಂದರು. ಒಬ್ಬನೂ ಜೈಲಿಗೆ ಹೋಗಲಿಲ್ಲ.

ಬೇಲಿಯ ಗೂಟಗಳನ್ನು ಕಿತ್ತು ತಂದರು. ಹ್ಯಾಲೊರನ್‌ನ ಬಾಯೆಲ್ಲ ರಕ್ತವಾಯಿತು. ಟಿಲ್ಲಿ ನನ್ನ ಕೈ ಕೊಸರಿಕೊಂಡು ಓಡಿ, ರೆಕ್ಕೆ ತಬ್ಬಿ ನಿಂತಳು.

"ಏಯ್ ಹುಡುಗಿ, ಸರಿ ಆಚೆ! ಇದೇನು ನಿಮ್ಮಪ್ಪಂದಾ?"

"ಬೇಡ ಮಿಸ್ಟರ್ ಪಿಂಕ್ನಿ! ಗಾಳಿ ನಿಂತ್ರೆ ಹಾರತ್ತೆ!"

"ಹಾರತ್ತಂತೆ! ನನ್ನ ಅಂಗಡಿ ಹಂದಿನೂ ಹಾರತ್ತೆ, ಬಾ!"

ಎಲ್ಲರೂ ನಕ್ಕರು. ರೆಕ್ಕೆಗೆ ಬೀಸಿದ ಗೂಟ ಅವಳ ತೋಳಿಗೆ ಬಿತ್ತು. ಪ್ರಜ್ಞೆ ತಪ್ಪಿದ ಮಗುವನ್ನು ನಾನು ಎತ್ತಿಕೊಳ್ಳುತ್ತಿರುವಾಗಲೇ ಯಾರೋ ಬೆಂಕಿಕಡ್ಡಿ ಗೀರಿದರು. ಬಟ್ಟೆಯ ರೆಕ್ಕೆಗಳು ಧಗ್ಗೆಂದು ಹೊತ್ತಿಕೊಂಡವು. ಜನ ಚಪ್ಪಾಳೆ ತಟ್ಟಿದರು. ನಾಳೆ ಭಾನುವಾರ, ಇದೇ ಕೈಗಳು ಚರ್ಚಿನಲ್ಲಿ ಪ್ರಾರ್ಥನೆಗೆ ಜೋಡಿಯಾಗುತ್ತವೆ.

ಅವಳಿಗೆ ಈಗಷ್ಟೇ ಎಚ್ಚರವಾಯಿತು. ಬೆಂಕಿಯ ವಿಷಯ ಗೊತ್ತಿಲ್ಲ. ಕಿಟಕಿಯ ಪರದೆಯನ್ನೇ ನೋಡುತ್ತ, "ಅಜ್ಜ, ಗಾಳಿ ನಿಂತಿದೆ. ಬೆಳಿಗ್ಗೆ ಬೇಗ ಎಬ್ಬಿಸ್ತೀಯಾ?" ಎಂದಳು.

ಎಬ್ಬಿಸುತ್ತೇನೆ ಎಂದೆ. ಎಬ್ಬಿಸಿ ಏನೆಂದು ಹೇಳಲಿ?