ಎಂಟನೆಯ ಮನೆಯ ಕುಜ

ಮಕ್ತಲ್
ಬುಧವಾರ

ಸುಜಯೀಂದ್ರ,

ಗದ್ವಾಲದಲ್ಲಿ ಎಲ್ಲರೂ ನಿನ್ನನ್ನು ಆಚಾರ್ಯರೇ ಎನ್ನುತ್ತಾರಂತೆ. ನನ್ನ ಬಾಯಲ್ಲಿ ಅದು ಬರುವುದಿಲ್ಲ. ಕ್ಷೇಮವೇ ಎಂದೂ ಕೇಳುವುದಿಲ್ಲ, ನೀನು ಕ್ಷೇಮವಾಗಿಯೇ ಇರುತ್ತೀಯ. ಫೋನ್ ಮಾಡಿದರೆ ನಿನ್ನ ಹೆಂಡತಿ ನರ್ಮದಾ ಎತ್ತುತ್ತಾಳೆ, ಅದಕ್ಕೇ ಈ ಕಾಗದ.

ನನ್ನ ತಂಗಿ ಮಾಧವಿಗೆ ರಾಯಚೂರಿನ ಸಂಬಂಧ ಬಂದಿದೆ. ಹುಡುಗ ವೆಂಕಟೇಶ. ಇಬ್ಬರೂ ಆಗಲೇ ಮೆಚ್ಚಿಕೊಂಡು ಕೂತಿದ್ದಾರೆ. ಹುಡುಗನ ತಾಯಿಯದು ಒಂದೇ ಹಟ: ಗದ್ವಾಲದ ಆಚಾರ್ಯರು ಜಾತಕ ಕೂಡುತ್ತದೆ ಎನ್ನಬೇಕು, ಆಮೇಲೆ ಮುಂದಿನ ಮಾತು. ನಮ್ಮ ಮಂದಿ ಡಾಕ್ಟರು ಹೇಳಿದ್ದನ್ನಾದರೂ ಇನ್ನೊಬ್ಬರ ಹತ್ತಿರ ಹೋಗಿ ಕೇಳಿ ನೋಡುತ್ತಾರೆ, ನಿಮ್ಮ ಮನೆಯವರು ಜಾತಕ ನೋಡಿ ಹೇಳಿದ್ದನ್ನು ಮತ್ತೊಬ್ಬರ ಹತ್ತಿರ ಕೇಳುವುದಿಲ್ಲ. ಇದು ನನಗಿಂತ ಚೆನ್ನಾಗಿ ಯಾರಿಗೆ ಗೊತ್ತು?

ನನ್ನನ್ನು ನೋಡಲು ಬಂದ ಮೊದಲ ಸಂಬಂಧ ನೆನಪಿದೆಯಲ್ಲ? ನಿಮ್ಮ ತಂದೆಗೆ ಕಣ್ಣು ಮಂಜಾಗಿತ್ತು, ಜಾತಕ ಓದಿ ಹೇಳುತ್ತಿದ್ದವನು ನೀನು. ಎಂಟನೆಯ ಮನೆಯಲ್ಲಿ ಇಲ್ಲದ ಕುಜನನ್ನು ತಂದು ಕೂರಿಸಿದೆ. 'ಗಂಡಗ ಆಗಿ ಬರಂಗಿಲ್ರೀ' ಎಂದೆ. ಬಂದವರು ಹಾಗೇ ಎದ್ದು ಹೋದರು. ಹಿತ್ತಲಲ್ಲಿ ನಿಂತು ಇಬ್ಬರೂ ಎಷ್ಟು ನಕ್ಕೆವು! ಆ ಸುಳ್ಳನ್ನು ಹೇಳಿಕೊಟ್ಟವಳೇ ನಾನು. ನೀನು ನಮ್ಮ ಮದುವೆಗೆ ನಿಮ್ಮ ತಂದೆಯನ್ನು ಒಪ್ಪಿಸುವ ತನಕ ನನ್ನನ್ನು ಇನ್ನಾರೂ ಮಾಡಿಕೊಳ್ಳಬಾರದು, ಅಷ್ಟೇ ನನಗೆ ಬೇಕಾಗಿದ್ದದ್ದು.

ಸುದ್ದಿ ಮಂತ್ರಾಲಯದ ತನಕ ಹೋಯಿತು. ಕೊನೆಗೆ ನೀನೇ ಬಂದು, 'ಅಪ್ಪ ಒಪ್ಪವಲ್ರು ವಸುಧಾ, ನಿನಗ ಕುಜದೋಷ ಅಂತ ನಂಬ್ಯಾರ' ಎಂದೆ. ನಿಜ ಹೇಳಿಬಿಡು ಎಂದು ನಾನು ನಿನ್ನ ಕಾಲು ಹಿಡಿದೆ. ಮನೆತನದ ಹೆಸರು ಹೋಗುತ್ತದೆ ಎಂದೆ ನೀನು. ವೈಶಾಖದಲ್ಲಿ ನರ್ಮದಾ ನಿಮ್ಮ ಮನೆ ತುಂಬಿದಳು. ಇಷ್ಟಾದರೂ ನಿನ್ನ ಮೇಲಿನ ಆಸೆ ಸತ್ತಿಲ್ಲ, ನನಗೆ ನಾಚಿಕೆಯೂ ಇಲ್ಲ.

ಅಮ್ಮ ಹೋದ ಮೇಲೆ ಮಾಧವಿಯನ್ನು ಬೆಳೆಸಿದವಳು ನಾನು. ಅವಳೂ ಹೋದರೆ ಈ ಮನೆಯಲ್ಲಿ ಉಂಡೆಯಾ ಎಂದು ಕೇಳುವವರಿಲ್ಲ. ನಿನ್ನೆ ತಲೆ ಬಾಚಿಸಿಕೊಳ್ಳುತ್ತಾ, 'ಅಕ್ಕಾ, ವೆಂಕಟೇಶಗ ಹೇಳೀನಿ, ನೀನೂ ನಮ್ಮ ಕೂಡ ಇರಾಕ ಬಾ' ಎಂದಳು. ಅವಳ ಸಂಸಾರದ ಮೂಲೆಯಲ್ಲಿ ಕೂತು ಅವಳ ಸುಖ ನೋಡಬೇಕಂತೆ ನಾನು! ಅರ್ಧ ಹೆಣೆದ ಜಡೆ ಬಿಟ್ಟು ಎದ್ದು ಹೋದೆ.

ಕೂಡುವುದಿಲ್ಲ ಎಂದು ಹೇಳು. ಅದೇ ಕುಜನನ್ನು ಕೂರಿಸು. ಅಕ್ಕನಿಗಿದ್ದದ್ದು ತಂಗಿಗೂ ಇದೆ ಎಂದರೆ ಯಾರೂ ಅನುಮಾನ ಪಡುವುದಿಲ್ಲ. ಅವಳು ಅಳುತ್ತಾಳೆ, ನಾನು ಸಮಾಧಾನ ಮಾಡುತ್ತೇನೆ. ನನ್ನಷ್ಟು ಅವಳನ್ನು ಪ್ರೀತಿಸುವವರು ಬೇರೆ ಯಾರಿದ್ದಾರೆ? ನೀನು ಆಗುವುದಿಲ್ಲ ಎಂದರೆ ಹಿಂದಿನದನ್ನೆಲ್ಲ ನರ್ಮದಾ ಮುಂದೆ ಹೇಳುತ್ತೇನೆ.

ಯಾರ ಪಾಲೂ ಆಗದೆ ನಿನ್ನವಳಾಗಿಯೇ ಉಳಿದ,
ವಸುಧಾ

ತಾ.ಕ.: ಈ ಕಾಗದ ತಂದುಕೊಟ್ಟವಳು ಮಾಧವಿಯೇ. ಜಾತಕದ ಜೊತೆ ಅಕ್ಕ ಶಿಫಾರಸು ಬರೆದಿದ್ದಾಳೆ ಎಂದುಕೊಂಡಿದ್ದಾಳೆ. ಲಕೋಟೆ ಅಂಟಿಸಿದ್ದೇನೆ, ಒಡೆದು ನೋಡುವ ಹುಡುಗಿಯಲ್ಲ. ಓದುವಾಗ ನಿನ್ನ ಮುಖವನ್ನೇ ನೋಡುತ್ತಿರುತ್ತಾಳೆ, ಸ್ವಲ್ಪ ನಗು. ಅವಳೆದುರು ಏನೂ ಹೇಳಬೇಡ, ರಾಯಚೂರಿನವರಿಗೆ ಹೇಳು. ನಮಸ್ಕಾರ ಮಾಡಿದರೆ ಆಶೀರ್ವಾದ ಮಾಡಿ ಕಳಿಸು. ಅಲ್ಲಿಂದ ನೇರ ಮದುವೆಯ ಸೀರೆ ಆರಿಸಲು ಹೋಗುತ್ತಾಳೆ.