‘ನಮ್ಮವಳು’ ಎಂದು ಬರೆಸಿದ್ದು

ಮಾರ್ಚ್ ೯, ಭಾನುವಾರ ಮಧ್ಯಾಹ್ನ

ನನ್ನ ಮಾತಿನಮಲ್ಲಿಗೆ,

ಅಮ್ಮನ ಆಶೀರ್ವಾದ. ನಾವಿಬ್ಬರೂ ಚೆನ್ನಾಗಿದ್ದೇವೆ. ನಿನ್ನ ಅಪ್ಪನ ಮೊಣಕಾಲು ನೋವು ಹಾಗೇ ಇದೆ. ಆದರೂ ಮೂವತ್ತು ವರ್ಷ ಬಸ್ಸು ಓಡಿಸಿದ ಕಾಲು ಮನೆಯಲ್ಲಿ ನಿಲ್ಲುತ್ತದೆಯೇ, ಡಿಪೋ ಕಡೆ ಹೊರಟುಹೋದರು. ಅವರು ಬರುವುದರೊಳಗೆ ಇದನ್ನು ಮುಗಿಸಬೇಕೆಂದು ಹೊಲಿಗೆ ಮೇಜಿನ ಮೇಲಿದ್ದ ಯೂನಿಫಾರಂ ಬಟ್ಟೆಗಳನ್ನೆಲ್ಲ ಒಂದು ಬದಿಗೆ ತಳ್ಳಿ ಕೂತಿದ್ದೇನೆ.

ಹೋದ ವಾರ ಫೋನಿನಲ್ಲಿ ನೀನು ಕೇಳಿದೆ, ದತ್ತು ಕಚೇರಿಯ ಕಡತದಲ್ಲಿ ನಿನ್ನ ಜನಾಂಗ ಎಂಬಲ್ಲಿ ನಮ್ಮ ಜನದ ಹೆಸರು ಹೇಗೆ ಬಂತು ಎಂದು. ಗುಮಾಸ್ತರ ಕೈತಪ್ಪು ಇರಬೇಕು ಬಿಡು ಎಂದೆ. ಅದು ಸುಳ್ಳು. ಅರವತ್ತಾರು ವರ್ಷದ ಹೆಂಗಸು ಹಸಿ ಸುಳ್ಳು ಹೇಳಿ ಫೋನಿಟ್ಟು, ಏನೂ ಆಗದವಳ ಹಾಗೆ ಕಾಲರ್ ಹೊಲಿಯಲು ಕೂತೆ. ಎರಡು ಕಾಲರ್ ಉಲ್ಟಾ ಹೊಲಿದಿದ್ದೆ.

ಆ ನಾಲ್ಕು ವರ್ಷದ ಮಗು ನಿನಗೂ ಅಳಿಯಂದಿರಿಗೂ ಸಿಗುವುದು ಈ ಒಂದು ಸಾಲಿನ ಮೇಲೆ ನಿಂತಿದೆ ಎಂದು ಗೊತ್ತಿದ್ದೂ ಹೇಳಲಿಲ್ಲ. ಮಗು ಹೊಳೆಯಾಚೆಯ ಜನರದು. ಅವರ ಮಗುವನ್ನು ಮೊದಲು ಅವರ ಜನಕ್ಕೇ ಕೊಡಬೇಕೆಂಬುದು ನಿಯಮ. ನಿನ್ನ ಮೈಬಣ್ಣ, ಕೂದಲು ಏನೇ ಹೇಳಲಿ, ಕಾಗದದ ಮೇಲೆ ನೀನು ನಮ್ಮವಳು. ಹಾಗೆ ಬರೆಸಿದ್ದು ನಾನೇ, ಮಗಳೇ.

ನಮ್ಮ ಮನೆಗೆ ಬಂದಾಗ ನಿನಗೆ ಮೂರು ವರ್ಷವಿರಬೇಕು. ರೈಲು ನಿಲ್ದಾಣದಲ್ಲಿ ಒಬ್ಬಳೇ ಸಿಕ್ಕವಳು, ಗುರುತು ಹೇಳುವವರಿಲ್ಲ. ಎರಡು ತಿಂಗಳ ಮಟ್ಟಿಗೆ ನೋಡಿಕೊಳ್ಳಿ ಎಂದು ಕಚೇರಿಯವರು ಬಿಟ್ಟುಹೋದರು. ಮೊದಲ ದಿನದಿಂದಲೇ ವಟವಟ, ಬಾಯಿಗೆ ಬಿಡುವೇ ಇರಲಿಲ್ಲ. ನನಗೆ ಒಂದಕ್ಷರ ಅರ್ಥವಾಗದು. ಆದರೆ ಅದು ಯಾರ ಮಾತು ಎಂದು ತಿಳಿಯದಷ್ಟು ಪೆದ್ದಿಯೂ ಅಲ್ಲ ನಾನು. ಬೀದಿಯ ಕೊನೆಯ ಲಾಂಡ್ರಿಯವರು ಹೊಳೆಯಾಚೆಯವರು, ದಿನವೂ ಆಡುತ್ತಿದ್ದದ್ದು ಅದನ್ನೇ.

ಕಚೇರಿಯ ಮೇಡಂ ಮೊದಲೇ ಹೇಳಿದ್ದರು, ಹೊಳೆಯಾಚೆಯ ಒಬ್ರನ್ನ ಕರ್ಕೊಂಡು ಬರ್ತೀವಿ, ಮಗೂನ ಮಾತಾಡಿಸ್ತಾರೆ, ಅವರ ಮಾತಲ್ಲಿ ಉತ್ತರ ಕೊಟ್ರೆ ಅವರ ಜನಕ್ಕೇ ಕೊಡ್ಬೇಕಾಗುತ್ತೆ, ನೀವು ಆಸೆ ಇಟ್ಕೋಬೇಡಿ ಎಂದು. ಮದುವೆಯಾಗಿ ಹನ್ನೊಂದು ವರ್ಷ ಮಡಿಲು ಖಾಲಿಯಿದ್ದವಳಿಗೆ ಹೇಳುವ ಮಾತೇ ಅದು? ಅಷ್ಟರಲ್ಲಿ ನೀನು ಹೊಲಿಗೆ ಯಂತ್ರದ ಕೆಳಗೆ ನನ್ನ ಕಾಲನ್ನು ಅಪ್ಪಿಕೊಂಡು ನಿದ್ದೆ ಮಾಡುವುದನ್ನು ಕಲಿತಿದ್ದೆ. ಆಸೆ ಬೇರು ಬಿಟ್ಟಾಗಿತ್ತು.

ಆಗ ನಾನು ಮಾಡಿದ್ದು ಇದು. ನೀರಿನ ಲೋಟ ಹಿಡಿದು ನಿನ್ನೆದುರು ಕೂರುತ್ತಿದ್ದೆ. ನಿನ್ನ ಮಾತಿನಲ್ಲಿ ಕೇಳಿದರೆ ಕಿವಿ ಕೇಳಿಸದವಳ ಹಾಗೆ ಇರುತ್ತಿದ್ದೆ. ನೀರು ಎಂದು ನಮ್ಮ ಮಾತಿನಲ್ಲಿ ಹೇಳಿದ ಮೇಲೇ ಲೋಟ ನಿನ್ನ ಕೈಗೆ. ಊಟಕ್ಕೂ ಹಾಗೇ, ಎತ್ತಿಕೊಳ್ಳುವುದಕ್ಕೂ ಹಾಗೇ. ನಿನ್ನ ಅಪ್ಪ ಒಂದು ದಿನ, ಮಗು ಬಾಯಾರಿದೆ ಕಣೇ, ಯಾವ ಮಾತಲ್ಲಾದ್ರೂ ಕೇಳ್ಲಿ ಕೊಡು ಎಂದರು. ನೀವು ಸುಮ್ನಿರಿ, ನಿಮಗೇನೂ ಗೊತ್ತಾಗಲ್ಲ ಎಂದೆ. ಅವರು ಎದ್ದು ಹೊರಗೆ ಹೋದರು. ನೀನು ಸ್ವಲ್ಪ ಸ್ವಲ್ಪವಾಗಿ ಆ ಮಾತು ಬಿಟ್ಟೆ. ಆಮೇಲೆ ಕೆಲವು ದಿನ ಯಾವ ಮಾತನ್ನೂ ಆಡಲಿಲ್ಲ.

ಎರಡು ತಿಂಗಳಿಗೆ ಹೊಳೆಯಾಚೆಯ ಹೆಂಗಸು ಬಂದರು. ನೆಲದ ಮೇಲೆ ಕೂತು ಮೆತ್ತಗೆ ಏನೇನೋ ಕೇಳಿದರು. ನಿನ್ನ ತುಟಿ ಅಲುಗಿತು. ನನ್ನ ಮುಖ ನೋಡಿದೆ. ನಾನು ಮುಖ ಗಂಟಿಕ್ಕಿದೆ, ಅಷ್ಟೇ. ನೀನು ಬಾಯಿ ಬಿಡಲಿಲ್ಲ. ಮಗು ಉತ್ತರಿಸಲಿಲ್ಲ ಎಂದು ಅವರು ಬರೆದುಕೊಟ್ಟರು. ಮನೆಯಲ್ಲಿ ಯಾವ ಮಾತಾಡುತ್ತೆ ಎಂದು ಮೇಡಂ ಕೇಳಿದಾಗ, ನಮ್ಮದೇ, ಬಂದಾಗಿನಿಂದ ನಮ್ಮದೇ ಎಂದೆ. ಅದನ್ನೇ ಬರೆದುಕೊಂಡರು.

ಆ ನಿಯಮ ಸರಿಯೋ ತಪ್ಪೋ ನನಗೆ ಇಂದಿಗೂ ಬಗೆಹರಿದಿಲ್ಲ. ನಿನ್ನನ್ನು ಬಿಟ್ಟುಕೊಟ್ಟಿದ್ದರೆ ನಾನು ಬದುಕುತ್ತಿರಲಿಲ್ಲ, ಅದು ನಿಜ. ಆದರೆ ನಿನಗೆ ಹದಿನೈದಾಗಿದ್ದಾಗ ಲಾಂಡ್ರಿಯ ಅಜ್ಜಿ ನಿನ್ನ ಗಲ್ಲ ಹಿಡಿದು ಅವರ ಮಾತಿನಲ್ಲಿ ಏನೋ ಕೇಳಿದರು. ನೀನು ಪೆಚ್ಚಾಗಿ ನಕ್ಕೆ. ಮನೆಗೆ ಬಂದು, ಅಮ್ಮಾ, ಅವ್ರಿಗೂ ನಾನು ಬೇರೆಯವಳೇ, ಸ್ಕೂಲಲ್ಲೂ ಬೇರೆಯವಳೇ ಎಂದೆ. ಅವತ್ತೇ ಹೇಳಬೇಕಿತ್ತು. ಧೈರ್ಯ ಬರಲಿಲ್ಲ.

ಶುಕ್ರವಾರ ಕಚೇರಿಗೆ ಹೋಗಿ ಇದೆಲ್ಲವನ್ನೂ ಹೇಳಿಕೆಯಾಗಿ ಬರೆದುಕೊಟ್ಟಿದ್ದೇನೆ. ಈಗಿನ ಅಧಿಕಾರಿ ಚಿಕ್ಕ ಹುಡುಗಿ. ಅಜ್ಜಿ, ಇದು ನಿಮ್ಮ ಮೇಲೇ ಬರುತ್ತೆ, ಯೋಚನೆ ಮಾಡಿದೀರಾ ಎಂದು ಕೇಳಿದಳು. ಬರಲಿ ಎಂದೆ. ನನಗಿರುವ ಭಯ ಕಚೇರಿಯದಲ್ಲ. ಇದನ್ನು ಓದಿದ ಮೇಲೆ ನೀನು ನನ್ನನ್ನು ಏನೆಂದು ಕರೆಯುತ್ತೀಯೋ ಎಂಬುದೊಂದೇ. ಹೇಳಿಕೆಯ ನಕಲು ಇದರ ಜೊತೆಗಿದೆ, ದತ್ತು ಕಚೇರಿಯ ಗುರುವಾರದ ಸಭೆಗೆ ತೆಗೆದುಕೊಂಡು ಹೋಗು. ಆ ಮಗು ನಿನ್ನ ಮನೆಗೆ ಬಂದರೆ ಅದರ ಮಾತನ್ನು ನೀನೇ ಕಲಿ. ನೀನು ಮರೆತದ್ದಲ್ಲ ಅದು, ನಾನು ಮರೆಸಿದ್ದು.

ಇಂತಿ,
ನಿನ್ನನ್ನು ಬಿಟ್ಟುಕೊಡಲಾರದೆ ತಪ್ಪು ಮಾಡಿದ
ಅಮ್ಮ

ತಾ.ಕ.: ಹೇಳಿಕೆಯಲ್ಲಿ ಬರೆಯದ ಸಂಗತಿ ಒಂದಿದೆ. ಬಂದ ಹೊಸದರಲ್ಲಿ ನೀನು ದಿನಾ ಸಂಜೆ ಕಿಟಕಿಯ ಸರಳು ಹಿಡಿದು ಬೀದಿಯ ಕಡೆ ಒಂದೇ ಮಾತು ಕೂಗುತ್ತಿದ್ದೆ. ಇಷ್ಟು ವರ್ಷವೂ ಅದು ನನ್ನ ಕಿವಿಯಲ್ಲಿ ಹಾಗೇ ಉಳಿದಿತ್ತು. ನಿನ್ನೆ, ಅಂದು ನಿನ್ನನ್ನು ಮಾತಾಡಿಸಲು ಬಂದಿದ್ದ ಆ ಹೊಳೆಯಾಚೆಯ ಹೆಂಗಸಿನ ಮನೆ ಹುಡುಕಿಕೊಂಡು ಹೋಗಿ ಬಾಯಿಪಾಠ ಒಪ್ಪಿಸುವವಳ ಹಾಗೆ ಹೇಳಿದೆ. ‘ಅಕ್ಕಾ, ನಾನು ಇಲ್ಲಿದೀನಿ’ ಅಂತ ಅರ್ಥ ಎಂದರು. ನಿನಗೊಬ್ಬ ಅಕ್ಕ ಇದ್ದಳು, ಮಗಳೇ. ಮಾತು ತಿಳಿಯದಿದ್ದರೂ ನೀನು ಯಾರನ್ನೋ ಕರೆಯುತ್ತಿದ್ದೀಯ ಎಂದು ನನಗೆ ಆಗಲೇ ತಿಳಿದಿತ್ತು. ಕಿಟಕಿ ಮುಚ್ಚುತ್ತಿದ್ದವಳು ನಾನೇ.