ಓದದೆ ಹಾಕಿದ ಸಹಿ

ಮಾರ್ಚ್ ೩, ಸೋಮವಾರ, ಪ್ರಾತಃಕಾಲ
ಸರ್ವಸಾಕ್ಷಿಯಾದ ಭಗವಂತನಿಗೆ ವಂದಿಸಿ ಬರೆಯುತ್ತೇನೆ. ಸ್ಟೋರೇಜ್ ಕಾರ್ಡಿಗೂ ಕಂಪ್ಯೂಟರಿಗೂ ನಡುವಣ ಸಂಪರ್ಕದ ಮಾನಕಕ್ಕೆ, ಅಂದರೆ ನಿಯಮಗ್ರಂಥಕ್ಕೆ, ಹೊಸ ಆವೃತ್ತಿ ಬಂದಿದೆ. ಸಾವಿರಕ್ಕೂ ಮಿಕ್ಕ ಪುಟ. ಟೆಸ್ಟ್ ವಿಭಾಗದ ಹಿರಿಯನಾಗಿ ‘ಓದಿ ತಿಳಿದಿದ್ದೇನೆ’ ಎಂಬಲ್ಲಿ ಸಹಿ ಮಾಡಿದೆ. ತಿರುವಿದ್ದು ಪರಿವಿಡಿ ಮಾತ್ರ. ವೇಗ ಇಮ್ಮಡಿಸಿದೆ, ಮತ್ತೇನಿದ್ದೀತು...

ಮಾರ್ಚ್ ೬
ಹೊಸ ಕಾರ್ಡಿನ ಟೆಸ್ಟ್. ಹೊಸ ವೇಗದಲ್ಲಿ ತಡವರಿಸಿತು; ತಾನಾಗಿ ಹಳೆಯ ವೇಗಕ್ಕಿಳಿದು ಸರಾಗವಾಗಿ ನಡೆಯಿತು. ನನ್ನ ಸಹಾಯಕಿ ಅನುಮಾನಿಸಿದಳು.
“ಸಾರ್, ಇಳಿದ್ರೂ ಪಾಸಾ? ಹೊಸ ಆವೃತ್ತೀಲಿ ಹಾಗಿಲ್ಲ ಅನ್ಸುತ್ತೆ.”
“ನಾನು ಓದಿದ್ದೀನಮ್ಮ. ನಡೀತಲ್ಲ? ಪಾಸ್ ಅಂತ ಬರಿ.”
ಬರೆದಳು.

ಏಪ್ರಿಲ್ ೨೧
ಕಾರ್ಡುಗಳೆಲ್ಲ ವಾಪಸು. ಕೊಂಡವರ ಯಂತ್ರಗಳಲ್ಲಿ ಹೇಳಿದ್ದರ ಅರ್ಧ ವೇಗವಷ್ಟೇ ಅಂತೆ. ವರದಿಯಲ್ಲಿದ್ದುದು ಸಹಾಯಕಿಯ ಕೈಬರಹ. ಮ್ಯಾನೇಜರು ಎಲ್ಲರೆದುರು, “ಕಾರ್ಡು ಕುಂಟ್ತಿರೋದು ಕಾಣ್ಸಲಿಲ್ವೇನಮ್ಮ? ಕನ್ನಡಕ ಕೊಡಿಸ್ಲಾ?” ಎಂದರು. ಎಲ್ಲರೂ ನಕ್ಕರು. ಅವಳು ಒಮ್ಮೆ ನನ್ನತ್ತ ನೋಡಿದಳು. ನಾನು ತಲೆಯೆತ್ತಲಿಲ್ಲ. ಶುಕ್ರವಾರ ಅವಳ ಕೆಲಸ ಕಾಯಂ ಆಗಬೇಕಿತ್ತು, ಇನ್ನು ಬಿಡಿಸುತ್ತಾರಂತೆ.

ಅದೇ ದಿನ, ಸಂಜೆ
ಆ ಮಾನಕವನ್ನು ಈಗ ಓದಿದೆ. ಬದಲಾವಣೆಗಳ ಮೊದಲ ಪುಟದಲ್ಲೇ ಇದೆ: ವೇಗ ಇಳಿದರೆ ಅನುತ್ತೀರ್ಣ. ಎಳೆಯರಿಗೂ ಅರ್ಥವಾಗುವಷ್ಟು ಸ್ಪಷ್ಟ.

ಏಪ್ರಿಲ್ ೨೩
ನಿನ್ನೆ ಬರೆಯಲಾಗಲಿಲ್ಲ. ಮನೆಯಾಕೆಗೆ ಹೇಳಿದೆ.
“ಸ್ತೋತ್ರದಲ್ಲಿ ಒಂದಕ್ಷರ ತಪ್ಪಿದ್ರೆ ಮೊದಲಿಂದ ಹೇಳ್ತೀರಿ. ಆ ಹುಡುಗಿ ಅನ್ನಕ್ಕೆ ಕಲ್ಲು ಬಿದ್ರೆ ಸುಮ್ನಿರ್ತೀರಲ್ರೀ!”
ಕಾಗದ ತೆಗೆದುಕೊಂಡು ಬರೆಯಲು ಕುಳಿತೆ.

ಏಪ್ರಿಲ್ ೨೪, ಮಧ್ಯಾಹ್ನ
ಮ್ಯಾನೇಜರಿಗೆ ಸತ್ಯ ನಿವೇದಿಸಿದೆ. “ಬಿಡಿ ಸಾರ್, ನಿಮ್ದು ಇನ್ನೆರಡೇ ತಿಂಗಳು ಸರ್ವೀಸು. ಅವಳು ಬೇರೆ ಕಡೆ ನೋಡ್ಕೋತಾಳೆ,” ಎಂದರು. ಕೇಳಿ ಒಂದು ಕ್ಷಣ ನೆಮ್ಮದಿಯಾಯಿತು — ಇಂದಿನ ಮಹಾಪಾಪ ಅದೇ. ತಪ್ಪೊಪ್ಪಿಗೆಯ ಪತ್ರವನ್ನು ಮೇಜಿನ ಮೇಲಿಟ್ಟೆ. ನಕ್ಕವರೆಲ್ಲರ ಮುಂದೆ ಓದಿಯೂ ಹೇಳಿದೆ. ಅವಳ ಕಾಯಂ ಆದೇಶಕ್ಕೆ ಸಹಿಯಾಯಿತು. ನಾಳೆಯಿಂದ ನಾನು ಕೆಲಸಕ್ಕೆ ಬರಬೇಕಿಲ್ಲವಂತೆ.

ಹೊರಡುವಾಗ ಸಹಾಯಕಿ ಬಾಗಿಲವರೆಗೆ ಬಂದಳು. “ಆ ಪುಟ ನಾನು ಓದಿದ್ದೆ ಸಾರ್. ನೀವೂ ಓದಿದ್ದೀನಿ ಅಂದ್ರಲ್ಲ... ನಾನೇ ತಪ್ಪಾಗಿ ತಿಳ್ಕೊಂಡೆ ಅಂತ ಸುಮ್ನಾದೆ.”

ತನ್ನ ಕಣ್ಣಿಗಿಂತ ನನ್ನ ಸುಳ್ಳನ್ನು ಹೆಚ್ಚು ನಂಬಿದ್ದಳು. ಆ ಮಗುವಿಗೆ ಶ್ರೇಯಸ್ಸಾಗಲಿ. ಮ್ಯಾನೇಜರಿಗೂ, ನಕ್ಕವರಿಗೂ, ಕಾರ್ಡು ಕೊಂಡು ನೊಂದವರಿಗೂ ಒಳಿತಾಗಲಿ. ನನಗೆ —